ಓದುಗರ ಪ್ರಶ್ನೆಗೆ ಉತ್ತರ: ಸೂರ್ಯನಿಗೊಂದು ಕಾಣದ ಜೋಡಿ?

ಪ್ರಶ್ನೆ: ಸೂರ್ಯನಿಗೆ ‘ನೆಮೆಸಿಸ್’ ಅನ್ನೋ ಜೋಡಿ ನಕ್ಷತ್ರ ಅದ, ಅದು ಹತ್ರ ಬರ್ಲಿಕತ್ತದ, ಭೂಮಿ ಹಾಳಾಗ್ತದ ಅಂತ ಮೊಬೈಲ್‌ನಾಗ ವಿಡಿಯೊ ಓಡಾಡ್ಲಿಕತ್ತದ. ಖರೇ ಏನ್ರಿ?
– ಓದುಗರು, ಆಳಂದ

ಉತ್ತರ: ಖರೇ ಅಲ್ಲ. ಆದರೆ ಈ ನಕ್ಷತ್ರವನ್ನು ವಿಡಿಯೊದವರು ಹುಟ್ಟಿಸಿದ್ದೂ ಅಲ್ಲ. 1984ರಲ್ಲಿ ರೌಪ್ ಮತ್ತು ಸೆಪ್ಕೋಸ್ಕಿ ಎಂಬ ಇಬ್ಬರು ಪಳೆಯುಳಿಕೆಗಳ ದಾಖಲೆ ಜಾಲಾಡಿ, ಕಳೆದ 25 ಕೋಟಿ ವರ್ಷಗಳಲ್ಲಿ ಸುಮಾರು 2.6 ಕೋಟಿ ವರ್ಷಕ್ಕೊಮ್ಮೆ ಜೀವಿಗಳು ಸಾಮೂಹಿಕವಾಗಿ ಅಳಿದಿವೆ ಎಂದರು. ಅಷ್ಟು ನಿಯಮಿತವಾಗಿ ಸಾವು ತರುವುದು ಯಾವುದು? ಅದೇ ವರ್ಷ ಎರಡು ತಂಡಗಳು, ಒಂದಕ್ಕೊಂದು ಸಂಬಂಧವಿಲ್ಲದೆ, ಒಂದೇ ಉತ್ತರ ಕೊಟ್ಟವು: ಸೂರ್ಯನಿಗೆ ಮಂಕಾದ ಜೊತೆಗಾರ ನಕ್ಷತ್ರವಿದೆ. ಅದು ಸಮೀಪಿಸಿದಾಗಲೆಲ್ಲ ಸೌರವ್ಯೂಹದ ಅಂಚಿನಲ್ಲಿರುವ ಹಿಮಕಾಯಗಳ ರಾಶಿಯಾದ ಊರ್ಟ್ ಮೋಡ ಕದಡಿ ಧೂಮಕೇತುಗಳು ಒಳಗೆ ಸುರಿಯುತ್ತವೆ, ಕೆಲವು ಭೂಮಿಗೂ ಬಡಿಯುತ್ತವೆ.

ಹೆಸರಿನದು ಇನ್ನೊಂದು ಸ್ವಾರಸ್ಯ. ಆ ಎರಡು ತಂಡಗಳಲ್ಲಿ ಒಂದಾದ ಡೇವಿಸ್, ಹಟ್, ಮುಲ್ಲರ್ ಅವರ ಪ್ರಬಂಧ ಮುಂದಿಟ್ಟದ್ದು ಸೊಕ್ಕಿದವರನ್ನು ಬಿಡದೆ ಬೆನ್ನಟ್ಟುವ ಗ್ರೀಕ್ ದೇವತೆಯ ಹೆಸರನ್ನು. ಬದಲಿ ಹೆಸರುಗಳ ಸಾಲಿನಲ್ಲಿ ನಮ್ಮ ಕಾಳಿಯೂ ಇದ್ದಳು, ವಜ್ರಾಯುಧದಿಂದ ಸರ್ಪವನ್ನು ಕೊಂದ ಇಂದ್ರನೂ ಇದ್ದ. ಸರ್ಪವೆಂದರೆ ಡೈನೋಸಾರ್ ಇರಬಹುದೇ ಎಂಬ ತಮಾಷೆಯೂ ಅಲ್ಲೇ ಇದೆ. ಪುರಾಣಕ್ಕೂ ಈ ನಕ್ಷತ್ರಕ್ಕೂ ಇರುವ ನಂಟು ಇಷ್ಟೇ: ಹೆಸರು.

ಹುಡುಕಾಟವಂತೂ ಗಂಭೀರವಾಗಿಯೇ ನಡೆಯಿತು. ಅತಿ ಮಂಕಾದ ಕೆಂಪು ಕುಬ್ಜ ನಕ್ಷತ್ರವೂ ಅವಕೆಂಪು ಕಿರಣಗಳಲ್ಲಿ ಬಚ್ಚಿಟ್ಟುಕೊಳ್ಳಲಾರದು. 2009ರ ಡಿಸೆಂಬರ್‌ನಲ್ಲಿ ಹಾರಿದ ‘ವೈಸ್’ ದೂರದರ್ಶಕ ಇಡೀ ಆಕಾಶವನ್ನು ಆ ಕಿರಣಗಳಲ್ಲೇ ಜಾಲಾಡಿತು. 2014ರಲ್ಲಿ ಬಂದ ಫಲಿತಾಂಶದ ಪ್ರಕಾರ, ಸೂರ್ಯ–ಭೂಮಿ ದೂರದ 26,000 ಪಟ್ಟಿನೊಳಗೆ ಗುರುಗ್ರಹದಷ್ಟು ದೊಡ್ಡ ಕಾಯ ಒಂದೂ ಇಲ್ಲ. ನಕ್ಷತ್ರವಾದರೆ ಇನ್ನೂ ಎಷ್ಟೋ ದೂರದಲ್ಲಿದ್ದರೂ ಸಿಕ್ಕಿಬೀಳುತ್ತಿತ್ತು. ವಿಡಿಯೊದವರು ಮುಚ್ಚಿಡುವ ಮಾತೊಂದಿದೆ: ಮೂಲ ಸಿದ್ಧಾಂತವನ್ನೇ ನಂಬಿದರೂ, ಆ ನಕ್ಷತ್ರ ಈಗ ತನ್ನ ಕಕ್ಷೆಯ ದೂರದ ತುದಿಯ ಹತ್ತಿರ ಇರಬೇಕು. ತಿರುಗಿ ಬರಲು ಕೋಟಿಗೂ ಹೆಚ್ಚು ವರ್ಷ ಬೇಕು.

ಪ್ರಶ್ನೆ: ಕೆಪ್ಲರ್‌ನ ಮೂರನೇ ನಿಯಮದಿಂದ ನೆಮೆಸಿಸ್‌ನ ದೂರ ಲೆಕ್ಕ ಹಾಕಿದೆ. 1.4 ಜ್ಯೋತಿರ್ವರ್ಷ ಬಂತು. ಆದರೆ ಓದಿದ ಕಡೆಯೆಲ್ಲ ‘ಸುಮಾರು 3’ ಎಂದಿದೆ. ನನ್ನ ತಪ್ಪೆಲ್ಲಿ?
– ಪಿಯುಸಿ ವಿದ್ಯಾರ್ಥಿನಿ, ಶಹಾಪುರ

ಉತ್ತರ: ತಪ್ಪಿಲ್ಲ. ಆ ನಿಯಮದಂತೆ ಸುತ್ತಿನ ಅವಧಿಯ ವರ್ಗ ದೂರದ ಘನಕ್ಕೆ ಸಮ. 2.6 ಕೋಟಿ ವರ್ಷದ ಅವಧಿಯನ್ನು ವರ್ಗ ಮಾಡಿದರೆ 676 ಲಕ್ಷ ಕೋಟಿ. ಅದರ ಘನಮೂಲ ಸುಮಾರು 87,800, ಅಂದರೆ ಸೂರ್ಯ–ಭೂಮಿ ದೂರದ ಅಷ್ಟು ಪಟ್ಟು. ಒಂದು ಜ್ಯೋತಿರ್ವರ್ಷಕ್ಕೆ ಅಂಥವು 63,241; ಭಾಗಿಸಿದರೆ 1.39. ಇದು ದೀರ್ಘವೃತ್ತದ ಉದ್ದದ ಅಕ್ಷದಲ್ಲಿ ಅರ್ಧ ಮಾತ್ರ. ಕಕ್ಷೆ ತುಂಬಾ ಚಪ್ಪಟೆಯಾಗಿದ್ದರೆ ದೂರದ ತುದಿ ಇದರ ಎರಡು ಪಟ್ಟಿನ ಸಮೀಪ, 2.8ರ ಹತ್ತಿರ ಬೀಳುತ್ತದೆ. ‘ಸುಮಾರು 3’ ಬಂದದ್ದು ಹೀಗೆ. ನಿಮ್ಮ ಗೆಳತಿಯರಿಗೆ ಉತ್ತರ ಸಿಕ್ಕಾಪಟ್ಟೆ ದೊಡ್ಡದು ಬಂದಿದ್ದರೆ ಕ್ಯಾಲ್ಕುಲೇಟರ್ ನೋಡಿ: ಘಾತವನ್ನು ಆವರಣದೊಳಗೆ (1÷3) ಎಂದು ಒತ್ತದಿದ್ದರೆ, ಅದು ಇಡೀ ಸಂಖ್ಯೆಯನ್ನೇ ಮೂರರಿಂದ ಭಾಗಿಸಿಬಿಡುತ್ತದೆ.

ಕಲ್ಪನೆ ಸೋತದ್ದೂ ಈ ದೂರದಲ್ಲೇ. ಅಷ್ಟಾಚೆ ಸೂರ್ಯನ ಹಿಡಿತ ಸಡಿಲ. ಹಾದುಹೋಗುವ ನಕ್ಷತ್ರಗಳೂ ಆಕಾಶಗಂಗೆಯ ಸೆಳೆತವೂ ಕಕ್ಷೆಯನ್ನು ಜಗ್ಗುತ್ತವೆ, ಸುತ್ತಿನಿಂದ ಸುತ್ತಿಗೆ ಅವಧಿ ಬದಲಾಗುತ್ತದೆ. ಅಳಿವಿನ ದಾಖಲೆಯಲ್ಲಿ ಕಂಡಿದ್ದು ಅತಿ ಕರಾರುವಾಕ್ಕಾದ ಲಯ, ಅಂಥ ಲಯವನ್ನು ಈ ನಕ್ಷತ್ರ ಕೊಡಲಾರದು ಎಂದು 2010ರಲ್ಲಿ ಮೆಲಟ್ ಮತ್ತು ಬಾಂಬಾಕ್ ವಾದಿಸಿದರು. ನಮಗೆ ಇದೇ ಗಟ್ಟಿ ಆಕ್ಷೇಪ ಅನ್ನಿಸುತ್ತದೆ.

ಪ್ರಶ್ನೆ: ನಮ್ಮ ಕಡೆಯ ಕರಿಕಲ್ಲು ಲಾವಾದಿಂದ ಆದದ್ದು, ಡೈನೋಸಾರ್ ಕಾಲದ್ದು ಅನ್ನುತ್ತಾರೆ. ಅದೂ ಆಕಾಶದಿಂದ ಬಿದ್ದ ಪೆಟ್ಟಿನ ಫಲವೇ?
– ಓದುಗರು, ಬೀದರ್

ಉತ್ತರ: ಕಾಲ ಹೌದು, ಕಾರಣ ಅಲ್ಲ. ದಖನ್ನಿನ ಲಾವಾ ಹರಿದದ್ದು ಸುಮಾರು 6.6 ಕೋಟಿ ವರ್ಷಗಳ ಹಿಂದೆ. ಮೆಕ್ಸಿಕೊದ ಚಿಕ್ಸುಲುಬ್‌ಗೆ ಕಾಯವೊಂದು ಬಡಿಯುವ ಮೊದಲೇ ಅದು ಶುರುವಾಗಿತ್ತು, ಆಮೇಲೂ ನಡೆಯಿತು. ನಿಮ್ಮ ಊರಿನ ಜಂಬಿಟ್ಟಿಗೆ ಕಲ್ಲು ಆ ಲಾವಾ ಬಂಡೆಯೇ ಮಳೆ ಬಿಸಿಲಿಗೆ ಕೊಳೆತು ಆದದ್ದು. ಶಹಾಬಾದಿ ಫರ್ಸಿಯಲ್ಲಿ ಡೈನೋಸಾರ್ ಎಲುಬು ಹುಡುಕುವವರಿಗೂ ಒಂದು ಮಾತು: ಆ ಕಲ್ಲು ಡೈನೋಸಾರ್‌ಗಿಂತ ಎಷ್ಟೋ ಹಳೆಯದು.

ಪ್ರಶ್ನೆ: ಹಾಗಾದರೆ ರಾಹು–ಕೇತು? ಅವೂ ಕಾಣುವುದಿಲ್ಲವಲ್ಲ.
– ಓದುಗರು, ಸೇಡಂ

ಉತ್ತರ: ಕಾಣುವುದಿಲ್ಲ, ಆದರೂ ಲೆಕ್ಕಕ್ಕೆ ಸಿಗುತ್ತವೆ. ಚಂದ್ರನ ದಾರಿ ಸೂರ್ಯನ ದಾರಿಗಿಂತ ಸುಮಾರು 5 ಡಿಗ್ರಿ ಓರೆ. ಎರಡೂ ದಾರಿ ಕೂಡುವ ಎರಡು ಬಿಂದುಗಳೇ ರಾಹು, ಕೇತು. ಇವು ಹಿಮ್ಮುಖವಾಗಿ ಸರಿಯುತ್ತ 18.6 ವರ್ಷಕ್ಕೆ ಒಂದು ಸುತ್ತು ಮುಗಿಸುತ್ತವೆ. ಈ ಬಿಂದುಗಳ ಸಮೀಪದಲ್ಲಿ ಅಮಾವಾಸ್ಯೆ ಬಿದ್ದರೆ ಮಾತ್ರ ಸೂರ್ಯಗ್ರಹಣ. 1980ರ ಫೆಬ್ರುವರಿ 16ರಂದು ಹಾಗಾಗಿಯೇ ಪಕ್ಕದ ರಾಯಚೂರಿನಲ್ಲಿ ಹಗಲು ಕತ್ತಲಾಯಿತು. ಗ್ರಹಣ ನೆರಳಿನ ಆಟವೆಂದು ಆರ್ಯಭಟ ಕ್ರಿ.ಶ. 499ರಲ್ಲೇ ಬರೆದಿದ್ದ. ನಿಮ್ಮ ತಾಲ್ಲೂಕಿನ ಮಳಖೇಡದಿಂದ ಆಳಿದ ಅಮೋಘವರ್ಷನ ಕಾಲದ ಮಹಾವೀರಾಚಾರ್ಯನೂ ಗಣಿತ ಎಲ್ಲೆಲ್ಲಿ ಬೇಕು ಎಂದು ಹೇಳುವಾಗ ಗ್ರಹಣವನ್ನು ಸೇರಿಸಿದ್ದಾನೆ. ರಾಹುಕಾಲಕ್ಕೂ ಈ ಬಿಂದುವಿಗೂ ಸಂಬಂಧವಿಲ್ಲ. ಅದು ಹಗಲನ್ನು ಎಂಟು ಪಾಲು ಮಾಡಿ, ವಾರದ ಒಂದೊಂದು ದಿನಕ್ಕೆ ಒಂದೊಂದು ಪಾಲು ಹಂಚಿದ ಲೆಕ್ಕ.

ಪ್ರಶ್ನೆ: ನಿಜವಾದ ಜೋಡಿ ನಕ್ಷತ್ರ ನೋಡಬೇಕಾದರೆ?
– ಶಿಕ್ಷಕರು, ಗುರುಮಠಕಲ್

ಉತ್ತರ: ವಸಿಷ್ಠ–ಅರುಂಧತಿ ನೋಡಿ. ಮೇ ಕೊನೆಯಲ್ಲಿ ರಾತ್ರಿ 9ಕ್ಕೆ ಉತ್ತರಕ್ಕೆ ಮುಖ ಮಾಡಿ. ಕೈ ಚಾಚಿ ಹಿಡಿದ ಒಂದು ಮುಷ್ಟಿ ಸುಮಾರು 10 ಡಿಗ್ರಿ; ನೆಲದಿಂದ ಐದು ಮುಷ್ಟಿ ಮೇಲೆ ಸಪ್ತರ್ಷಿಗಳ ಬಾಲದ ನಡುವಿನ ನಕ್ಷತ್ರವೇ ವಸಿಷ್ಠ, ಅದಕ್ಕೆ ಅಂಟಿದಂತಿರುವ ಚುಕ್ಕೆ ಅರುಂಧತಿ. ಮೊದಲು 20 ನಿಮಿಷ ಕತ್ತಲಲ್ಲಿ ನಿಲ್ಲಿ. ನಡುವೆ ಯಾರಾದರೂ ಮೊಬೈಲ್ ತೆಗೆದರೆ ಆ 20 ನಿಮಿಷ ಮತ್ತೆ ಮೊದಲಿಂದ. ವಸಿಷ್ಠ ತಾನೇ ಮತ್ತೊಂದು ಜೋಡಿ. ಅದು ಒಡೆದು ಕಾಣಲು ಬೈನಾಕ್ಯುಲರ್ ಸಾಲದು, 30 ಪಟ್ಟು ಹಿಗ್ಗಿಸುವ ಚಿಕ್ಕ ದೂರದರ್ಶಕ ಬೇಕು. ಚಿತ್ರ ನಡುಗಿದರೆ ಮಸೂರವನ್ನು ದೂರಬೇಡಿ. ಹಗಲೆಲ್ಲ ಕಾದ ಮಾಳಿಗೆಯಿಂದ ಏಳುವ ಬಿಸಿಗಾಳಿ ಅದು. ಶಾಲೆಯ ಮಾಳಿಗೆ ಬಿಟ್ಟು ಮೈದಾನಕ್ಕೆ ಒಯ್ಯಿರಿ.