ರಕ್ತದೊತ್ತಡದ ಮಾತ್ರೆ ನಡೆಯುತ್ತಿರುವ ಬೆಕ್ಕಿಗೆ ನೋವಿನ ಔಷಧ

ಪ್ರಶ್ನೆ: ನಮ್ಮ ಬೆಕ್ಕಿಗೆ 13 ವರ್ಷ, ತೂಕ 4 ಕೆ.ಜಿ. ರಕ್ತದೊತ್ತಡಕ್ಕೆ ಆಮ್ಲೊಡಿಪಿನ್ ಮತ್ತು ಟೆಲ್ಮಿಸಾರ್ಟಾನ್ ನಡೆಯುತ್ತಿವೆ. ಈಗ ಕೀಲುನೋವಿನಿಂದ ಕಿಟಕಿಗೆ ಹಾರಲಾರದು. ನಾಯಿಗೆ ತಂದಿದ್ದ ನೋವಿನ ಔಷಧ ಮೆಲಾಕ್ಸಿಕ್ಯಾಮ್ ದ್ರವ ಮನೆಯಲ್ಲಿದೆ. ಸ್ವಲ್ಪ ಕೊಡಬಹುದೇ? (ಶಿವಮೊಗ್ಗದ ಓದುಗರು)

ಕೊಡಬೇಡಿ. ಈ ಪ್ರಶ್ನೆ ಮತ್ತೆ ಮತ್ತೆ ಬರುತ್ತದೆ, ಬಂದಾಗಲೆಲ್ಲ ಅದರಲ್ಲಿ ‘ಸ್ವಲ್ಪ’ ಎಂಬ ಮಾತಿರುತ್ತದೆ. ನನಗೆ ಭಯವಿರುವುದು ಆ ಮಾತಿನ ಮೇಲೆಯೇ. ನಾಯಿಗಳ ದ್ರವದಲ್ಲಿ ಸಾಮಾನ್ಯವಾಗಿ ಮಿಲಿಲೀಟರಿಗೆ 1.5 ಮಿ.ಗ್ರಾಂ ಔಷಧವಿದ್ದರೆ ಬೆಕ್ಕಿನದರಲ್ಲಿ 0.5 ಮಿ.ಗ್ರಾಂ ಇರುತ್ತದೆ, ಸಿರಿಂಜಿನ ಅದೇ ಗೆರೆಯವರೆಗೆ ಎಳೆದರೆ ಮೂರು ಪಟ್ಟು ಹೊಟ್ಟೆಗೆ ಹೋಯಿತು.

ಅಳತೆ ಸರಿಯಿದ್ದರೂ ಅಪಾಯ ತಪ್ಪುವುದಿಲ್ಲ. ಮೂತ್ರಪಿಂಡದಲ್ಲಿ ರಕ್ತವನ್ನು ಸೋಸುವ ಪ್ರತಿಯೊಂದು ಗಂಟಿಗೂ ಒಳಬರುವ ಒಂದು ಸಣ್ಣ ನಾಳ, ಹೊರಹೋಗುವ ಒಂದು ಸಣ್ಣ ನಾಳ ಇರುತ್ತವೆ. ದೇಹದಲ್ಲಿ ನೀರಿನಂಶ ತಗ್ಗಿದಾಗ ಒಳನಾಳವನ್ನು ತೆರೆದಿಡುವುದು ದೇಹವೇ ತಯಾರಿಸುವ ಪ್ರೊಸ್ಟಗ್ಲಾಂಡಿನ್ ಎಂಬ ರಾಸಾಯನಿಕ. ಮೆಲಾಕ್ಸಿಕ್ಯಾಮ್ ಅದರ ಉತ್ಪಾದನೆಯನ್ನೇ ತಡೆಯುತ್ತದೆ. ಟೆಲ್ಮಿಸಾರ್ಟಾನ್, ಬೆನಜೆಪ್ರಿಲ್, ಎನಲಾಪ್ರಿಲ್‌ನಂಥ ರಕ್ತದೊತ್ತಡದ ಮಾತ್ರೆಗಳು ಹೊರನಾಳವನ್ನು ಸಡಿಲಿಸುತ್ತವೆ. ಒಳಬರುವ ದಾರಿ ಕಿರಿದಾಗಿ, ಹೊರಹೋಗುವ ದಾರಿ ಅಗಲವಾದರೆ ಸೋಸಲು ಬೇಕಾದ ಒತ್ತಡವೇ ಉಳಿಯುವುದಿಲ್ಲ. ಮೂತ್ರ ಹೆಚ್ಚಿಸುವ ಫ್ಯೂರೊಸೆಮೈಡ್ ಕೂಡ ಸೇರಿದರೆ ಸ್ಥಿತಿ ಇನ್ನಷ್ಟು ಕೆಡುತ್ತದೆ. ರಕ್ತದೊತ್ತಡವಿರುವ ಮುದಿ ಬೆಕ್ಕುಗಳಲ್ಲಿ ಅನೇಕಕ್ಕೆ ಮೂತ್ರಪಿಂಡ ಮೊದಲೇ ಸೊರಗಿರುತ್ತದೆ ಎಂಬುದನ್ನೂ ಮರೆಯಬಾರದು. ಆಮ್ಲೊಡಿಪಿನ್ ಒಂದೇ ನಡೆಯುತ್ತಿದ್ದರೆ ಈ ಜೋಡಿ ಪೆಟ್ಟು ಅಷ್ಟಾಗಿ ಬೀಳದು, ಆದರೆ ಮೆಲಾಕ್ಸಿಕ್ಯಾಮಿನ ಅಪಾಯವಂತೂ ಇದ್ದೇ ಇದೆ.

ಯುರೋಪಿನಲ್ಲಿ ಬೆಕ್ಕಿನ ಕೀಲುನೋವಿಗೆ ಮೆಲಾಕ್ಸಿಕ್ಯಾಮನ್ನು ಕೆ.ಜಿ.ಗೆ 0.05 ಮಿ.ಗ್ರಾಂನಂತೆ ದೀರ್ಘಕಾಲ ಕೊಡಲು ಅನುಮತಿಯಿದೆ. ಅಮೆರಿಕದಲ್ಲಿ ಒಂದೇ ಚುಚ್ಚುಮದ್ದಿಗೆ ಅನುಮತಿ, ಮತ್ತೆ ಮತ್ತೆ ಕೊಟ್ಟರೆ ಮೂತ್ರಪಿಂಡ ವಿಫಲವಾಗಿ ಸಾವು ಬರಬಹುದು ಎಂಬ ಎಚ್ಚರಿಕೆಯನ್ನು 2010ರಲ್ಲಿ ಸೇರಿಸಿದ್ದಾರೆ. ನಿಮ್ಮ ಬೆಕ್ಕಿನಂಥ ಪ್ರಸಂಗದಲ್ಲಿ ನಾನು ಎರಡನೆಯ ಕಡೆಗೇ ವಾಲುತ್ತೇನೆ. ಮೊದಲು ಗ್ಯಾಬಪೆಂಟಿನ್ ಎಂಬ ಬೇರೆ ಬಗೆಯ ನೋವಿನ ಔಷಧ ನೋಡುತ್ತೇನೆ. ಅದು ಪ್ರೊಸ್ಟಗ್ಲಾಂಡಿನ್ ತಂಟೆಗೆ ಹೋಗುವುದಿಲ್ಲ, ಆದರೆ ಮೂತ್ರಪಿಂಡದ ಮೂಲಕವೇ ಹೊರಹೋಗುವುದರಿಂದ ಪ್ರಮಾಣ ಇಳಿಸಬೇಕು, ಇಲ್ಲವಾದರೆ ಬೆಕ್ಕು ತೂಕಡಿಸಿ ತೂರಾಡುತ್ತದೆ. ಅದರಿಂದ ಸಾಲದೆ ಮೆಲಾಕ್ಸಿಕ್ಯಾಮ್ ಕೊಡಲೇಬೇಕಾದರೆ, ಮೂತ್ರಪಿಂಡದ ಸ್ಥಿತಿ ತಿಳಿಸುವ ರಕ್ತದ ಕ್ರಿಯಾಟಿನಿನ್ ಮಟ್ಟ ಸ್ಥಿರವಾಗಿದೆಯೇ, ಬೆಕ್ಕು ಚೆನ್ನಾಗಿ ತಿಂದು ನೀರು ಕುಡಿಯುತ್ತಿದೆಯೇ ಎಂದು ನಿಮ್ಮ ಪಶುವೈದ್ಯರು ನೋಡಿ ಅತಿ ಕಡಿಮೆ ಪ್ರಮಾಣದಿಂದ ಆರಂಭಿಸಲಿ, ಒಂದೆರಡು ವಾರದೊಳಗೆ ಕ್ರಿಯಾಟಿನಿನ್ ಮತ್ತು ರಕ್ತದೊತ್ತಡ ಎರಡನ್ನೂ ಮತ್ತೆ ಅಳೆಯಲಿ. ಊಟ ಬಿಟ್ಟ ದಿನ, ವಾಂತಿ ಮಾಡಿದ ದಿನ ಮೆಲಾಕ್ಸಿಕ್ಯಾಮ್ ಕೊಡದೆ ವೈದ್ಯರಿಗೆ ಫೋನ್ ಮಾಡಿ. ಸ್ಟೆರಾಯ್ಡ್ ಜೊತೆಗಂತೂ ಎಂದಿಗೂ ಬೇಡ.

ನೋವಿನ ಔಷಧಕ್ಕೆ ಜಾಗ ಮಾಡಲೆಂದು ರಕ್ತದೊತ್ತಡದ ಮಾತ್ರೆಯನ್ನು ನೀವಾಗಿ ನಿಲ್ಲಿಸಬೇಡಿ. ಮೇಲಿನ ಒತ್ತಡ (ಸಿಸ್ಟೋಲಿಕ್) 180 ದಾಟಿದರೆ ಅಕ್ಷಿಪಟಲ ಕಳಚಿ, ರಾತ್ರಿ ಚೆನ್ನಾಗಿದ್ದ ಬೆಕ್ಕು ಬೆಳಿಗ್ಗೆ ಗೋಡೆಗೆ ಮೂತಿ ತಾಗಿಸುತ್ತಾ ನಡೆಯುವುದುಂಟು. ನೋವು, ಭಯ ಎರಡೂ ಒತ್ತಡವನ್ನು ಏರಿಸುತ್ತವೆ. ಹಾಗಾಗಿ ಸದ್ದಿಲ್ಲದ ಕೋಣೆಯಲ್ಲಿ ಐದು ಹತ್ತು ನಿಮಿಷ ಬಿಟ್ಟು, ಮೊದಲ ಅಳತೆಯನ್ನು ಕೈಬಿಟ್ಟು, ನಂತರದ ಹಲವು ಅಳತೆಗಳ ಸರಾಸರಿ ತೆಗೆಯಲು ಹೇಳಿ.

ಪ್ರಶ್ನೆ: ಔಷಧದ ಅಂಗಡಿಯವರು ಪ್ಯಾರಸಿಟಮಾಲ್ ಕಾಲು ಮಾತ್ರೆ ಸಾಕು ಎಂದರು. ಕೊಡಬಹುದೇ?

ಆ ಕಾಲು ಮಾತ್ರೆ ಸಾಕು, ಬೆಕ್ಕನ್ನು ಕೊಲ್ಲಲು. ಅದನ್ನು ಕರಗಿಸಿ ಹೊರಹಾಕುವ ಶಕ್ತಿ ಬೆಕ್ಕಿನ ಯಕೃತ್ತಿಗೆ ಬಹಳ ಕಡಿಮೆ. ಒಸಡು ಕಾಫಿಪುಡಿಯ ಬಣ್ಣಕ್ಕೆ ತಿರುಗಿ ಮುಖ, ಪಂಜಗಳು ಊದಿಕೊಂಡ ಬೆಕ್ಕನ್ನು ಎತ್ತಿಕೊಂಡು ಬಂದವರನ್ನು ನಾನು ನೋಡಿದ್ದೇನೆ. ಈಗಾಗಲೇ ಕೊಟ್ಟಿದ್ದರೆ ಲಕ್ಷಣಕ್ಕಾಗಿ ಕಾಯದೆ ಈಗಲೇ ಹೊರಡಿ. ಇದಕ್ಕೆ ಪ್ರತಿವಿಷವಾದ ಅಸಿಟೈಲ್‌ಸಿಸ್ಟೀನ್ ಎಷ್ಟು ಬೇಗ ಸಿಕ್ಕರೆ ಅಷ್ಟು ಒಳ್ಳೆಯದು.

ಪ್ರಶ್ನೆ: ರಕ್ತದೊತ್ತಡಕ್ಕೆ ಬೆಳ್ಳುಳ್ಳಿ ಜಜ್ಜಿ ಕೊಡಬಹುದೇ?

ಬೇಡ, ಬೆಳ್ಳುಳ್ಳಿ, ಈರುಳ್ಳಿ ಬೆಕ್ಕಿನ ಕೆಂಪು ರಕ್ತಕಣಗಳನ್ನು ಒಡೆಯುತ್ತವೆ.

ಪ್ರಶ್ನೆ: ಹೊಟ್ಟೆಗೆ ಕೊಡದೆ, ಕೀಲಿಗೆ ಡೈಕ್ಲೊಫೆನಾಕ್ ಜೆಲ್ ಹಚ್ಚಿದರೆ?

ಬೇಡ, ಬೆಕ್ಕು ಮೈ ನೆಕ್ಕುತ್ತದೆ, ಹಚ್ಚಿದ್ದು ಹೊಟ್ಟೆಗೇ ಹೋಗುತ್ತದೆ. ನಿಮ್ಮ ಮೊಣಕಾಲಿಗೆ ಹಚ್ಚಿಕೊಂಡಿದ್ದರೂ ಬೆಕ್ಕನ್ನು ತೊಡೆಯ ಮೇಲೆ ಕೂರಿಸಿಕೊಳ್ಳಬೇಡಿ.