ಸ್ಕೂಟಿ ಬಂದ್ ಮಾಡಿ ಬಾಗಲ ಮುಂದ

ನಿನ್ ಪತ್ರ ಎರಡ್ ಸಲ ಓದ್ದೆ ತಂಗಿ. ಕಲಬುರಗಿಯ ಸರ್ಕಾರಿ ಆಫೀಸಿನಾಗ ಆರು ವರ್ಷದಿಂದ ಎಸ್‌ಡಿಎ, ಅಂದ್ರ ದ್ವಿತೀಯ ದರ್ಜೆ ಸಹಾಯಕಿ, ನಮ್ಮ ಕಲ್ಯಾಣ ಕರ್ನಾಟಕದೋರಿಗಿರೋ 371ಜೆ ಮೀಸಲಾತಿಯಾಗ ಸಿಕ್ಕ ನೌಕರಿ, ದಿನಾ ಅದೇ ಬಂದ ಹೋದ ಕಾಗದ ಬರ್ಕೊಳ್ಳೋ ಇನ್‌ವರ್ಡ್ ಔಟ್‌ವರ್ಡ್, ಬಿಡ್ತೀನಿ ಅಂದ್ರ ಅವ್ವ "ಫ್ಯಾನ್ ಬುಡಕ ಕುಂತು ಏನ್ ದಣೀತಿ" ಅಂತಾಳ ಅಂತ ಬರ್ದೀದಿ. ನನಗ ಕಾಡಿದ್ದು ಕಡೀ ಸಾಲು. ಸಂಜೀಕ ಸ್ಕೂಟಿ ಬಂದ್ ಮಾಡಿ ಹೆಲ್ಮೆಟ್ ಸೈತ ತಗೀದೇ ಮನಿ ಮುಂದ ಇಪ್ಪತ್ ನಿಮಿಷ ಹಾಂಗೇ ಕುಂದರ್ತೀನಿ, ಒಳಗಿಂದ ಮಗಳು ಕರದ್ರೂ ಏಳಂಗಾಗಂಗಿಲ್ಲ ಅಂದಿಯಲ್ಲ.

ನಾನೂ ಹನ್ನೊಂದು ವರ್ಷ ಆಫೀಸಿನಾಗ ಕುಂತಕಿ. ಹೊಲದಾಗ ದುಡದು ಬಂದೋರಿಗಿ ರಾತ್ರಿ ನಿದ್ದಿರ ಬರ್ತದ, ನಮಗ ಅದೂ ಬರಂಗಿಲ್ಲ, ಯಾಕಂದ್ರ ಒಲ್ಲೆ ಅನ್ನೋ ಮನಸ್ಸಿಗಿ ಎಂಟ್ ತಾಸು ಜಬರ್ದಸ್ತಿ ಕುಂದ್ರಿಸ್ತೀವಿ, ಮ್ಯಾಲ ಚಿಂಚೋಳಿ ಕಡಿಂದ ಬಸ್ಸಿನಾಗ ಬಂದ ಅಜ್ಜ ನನ್ ಫೈಲ್ ಎಲ್ಲಿಗಿ ಬಂತು ಅಂತ ಒದರಿದ್ರ ನಕ್ಕೋತ "ನಾಳಿ ಬರ್ರಿ ಅಜ್ಜಾ" ಅನಬೇಕು. ಆ ಫೈಲ್ ಮುಂದ ಏನಾಯ್ತು, ಅಜ್ಜಗ ರೊಕ್ಕ ಬಂತಾ ಇಲ್ಲಾ, ನಿನಗ ಯಾರೂ ಹೇಳಂಗಿಲ್ಲ. ನಂಬರ್ ಬರ್ದು ಮುಂದ ದಬ್ಬೋದಷ್ಟೇ ನಿನ್ ಪಾಲಿಗಿ. ಒಳಗ ಕೊರೀಲಾಕತ್ತಿದ್ದು ಇದೇ ಅಂತ ನನಗನಸ್ತದ.

ವಿಶ್ವ ಆರೋಗ್ಯ ಸಂಸ್ಥೆನೇ 2019ರಾಗ ಬರ್ನ್‌ಔಟ್ ಅಂದ್ರ ಕೆಲಸದ ಜಾಗದಾಗಿನ ಮುಗೀದ ಒತ್ತಡದಿಂದ ಬರೋ ದಣಿವು ಅಂತ ಒಪ್ಪ್ಯದ, ರೋಗ ಅಂದಿಲ್ಲ ಖರೆ, ಆದ್ರ ಇಲ್ಲದ್ದೂ ಅಂದಿಲ್ಲ. ಅವ್ವಗ ಹೇಳು, ಇದು ಸೊಕ್ಕಲ್ಲ.

ರಾಜೀನಾಮಿ ಈಗ ಬ್ಯಾಡ. ನಮ್ಮೂರ ಮೇ ತಿಂಗಳ ಬಿಸಿಲು, ಇಷ್ಟು ದಣದ ತಲಿ, ಇದ್ರಾಗ ಅಷ್ಟು ದೊಡ್ಡ ತೀರ್ಮಾನ ಮಾಡಬಾರದು. ವರ್ಷಕ್ಕ 30 ದಿನ ಇಎಲ್, ಅಂದ್ರ ಗಳಿಕೆ ರಜಾ, ಜಮಾ ಆಗ್ತಾವ, ಹದಿನೈದು ದಿನ ಬರ್ದ್ ಹಾಕು, ಮದುವಿ ಮುಂಜಿಗಂತ ಅಲ್ಲ, ಸುಮ್ನ ಮಕ್ಕೋಳಾಕ. ತಿರುಗಿ ಬಂದ ಮ್ಯಾಲ ಸೆಕ್ಷನ್ ಬದ್ಲಿ ಮಾಡ್ರಿ ಅಂತ ಸಾಹೇಬ್ರಿಗಿ ಅರ್ಜಿ ಕೊಡು, ಬಂದೋರ ಕೆಲಸ ಮುಗಿಯೋದು ಕಣ್ಣಿಗಿ ಕಾಣೋ ಅಂಥಾ ಟೇಬಲ್ ಕೇಳು. ಒಂದೇ ಸಲಕ್ಕ ಕೊಡಂಗಿಲ್ಲ, ಮತ್ತ ಕೇಳು.

ನಿದ್ದಿ ಇಲ್ಲ, ಊಟ ಸೇರವಲ್ದು ಅಂದಿಯಲ್ಲ, ಅದನ್ನ ಹಗುರ ತಿಳಕೋಬ್ಯಾಡ. ಟೆಲಿ ಮಾನಸ್ ಅಂತ ಮನಸ್ಸಿನ ತ್ರಾಸಿಗಿ ಸರ್ಕಾರದ ಸಹಾಯವಾಣಿ ಅದ, 14416, ಪುಕ್ಕಟ, ರಾತ್ರಿನೂ ಎತ್ತುತಾರ, ಕನ್ನಡದಾಗೇ ಮಾತಾಡಬಹುದು. ಇವತ್ತ ಸಂಜೀಕ ಆ ಇಪ್ಪತ್ ನಿಮಿಷದಾಗ ಅಲ್ಲೇ ಸ್ಕೂಟಿ ಮ್ಯಾಲಿಂದ ಫೋನ್ ಹಚ್ಚು. ಆಗ್ಲಿಲ್ಲಂದ್ರ, ತಡ ಆಗ್ತದ ಅಂತ ಮನಿಗಿ ಹೇಳಿ ನಮ್ಮೂರ ಅಪ್ಪನ ಕೆರಿ ದಂಡಿಗಿ ಕುಂತು ಬಾ. ಮಗಳಿಗಿ ನಾಳಿ ಜೊತಿಗಿ ಕರ್ಕೊಂಡ್ ಹೋಗು.