ಪಾಸ್‌ವರ್ಡ್ ಬದಲಾಯಿಸಿದರೂ ಕಳ್ಳ ಮತ್ತೆ ಬಂದ!

ಪ್ರಶ್ನೆ: ನಮ್ಮದೊಂದು ಸಣ್ಣ ಹೋಂಸ್ಟೇ. ಅದರ ವೆಬ್‌ಸೈಟಿನಲ್ಲಿ ಎರಡು ತಿಂಗಳಲ್ಲಿ ಎರಡು ಸಲ ಜೂಜಿನ ಜಾಹೀರಾತು ಬಂದು ಕೂತಿತ್ತು. ಮೊದಲ ಸಲವೇ ಪಾಸ್‌ವರ್ಡ್ ಬದಲಾಯಿಸಿದ್ದೆ. ‘ಯಾರೋ ಸರಿಯಾದ ಪಾಸ್‌ವರ್ಡ್ ಹಾಕಿಯೇ ಎಫ್‌ಟಿಪಿಯಲ್ಲಿ (ಸೈಟಿಗೆ ಫೈಲ್ ಕಳಿಸುವ ವ್ಯವಸ್ಥೆ) ಲಾಗಿನ್ ಆಗಿದ್ದಾರೆ’ ಎನ್ನುತ್ತಾರೆ ಸೈಟಿಗೆ ಸರ್ವರ್ ಜಾಗ ಕೊಟ್ಟಿರುವ ಹೋಸ್ಟಿಂಗ್‌ನವರು. ಅದು ನನ್ನ ಹೆಂಡತಿಗೂ ಗೊತ್ತಿಲ್ಲ! ಫೈಲ್ ಕಳಿಸಲು ನಾನು ಬಳಸುವುದು ಫೈಲ್‌ಝಿಲ್ಲಾ ಎಂಬ ತಂತ್ರಾಂಶ.
– ಓದುಗರೊಬ್ಬರು, ಸಕಲೇಶಪುರ

ಉತ್ತರ: ಹೆಂಡತಿಗೆ ಗೊತ್ತಿಲ್ಲ, ಸರಿ. ನಿಮ್ಮ ಕಂಪ್ಯೂಟರಿಗೆ ಗೊತ್ತಲ್ವಾ? ಒಂದು ಕೆಲಸ ಮಾಡಿ. ವಿಂಡೋಸ್ ಕೀ ಜೊತೆ ಆರ್ ಒತ್ತಿ, ಎರಡು ಪರ್ಸೆಂಟ್ ಚಿಹ್ನೆಗಳ ನಡುವೆ ಆಪ್‌ಡೇಟಾ ಎಂದು ಇಂಗ್ಲಿಷಿನಲ್ಲಿ (%appdata%) ಟೈಪ್ ಮಾಡಿ ಎಂಟರ್ ಕೊಡಿ. ಅಲ್ಲಿ ಫೈಲ್‌ಝಿಲ್ಲಾ ಫೋಲ್ಡರ್, ಅದರೊಳಗೆ ಸೈಟ್‌ಮ್ಯಾನೇಜರ್ ಎಂಬ ಎಕ್ಸ್‌ಎಂಎಲ್ ಫೈಲ್. ನೋಟ್‌ಪ್ಯಾಡಿನಲ್ಲಿ ತೆರೆಯಿರಿ. ಸರ್ವರ್ ವಿಳಾಸ, ಯೂಸರ್ ಹೆಸರು, ಕೆಳಗೆ ‘ಪಾಸ್’ ಅಂತ ಒಂದು ಸಾಲು. ನಿಮ್ಮದು ಎಂಟು ಅಕ್ಷರದ ಪಾಸ್‌ವರ್ಡ್ ಆಗಿದ್ದರೆ ಅಲ್ಲಿ ಹನ್ನೆರಡು ಅಕ್ಷರ ಕಾಣುತ್ತದೆ, ಕೊನೆಯದು ಸಮ ಚಿಹ್ನೆ. ನೋಡಿದರೆ ಗುಪ್ತಲಿಪಿ ಅನಿಸುತ್ತದೆ, ಆದರೆ ಅಲ್ಲ. ಅದು ಬೇಸ್64, ಅಂದರೆ ಅಕ್ಷರ ಬದಲಿಸಿ ಬರೆದದ್ದು ಅಷ್ಟೇ, ಯಾರು ಬೇಕಾದರೂ ಒಂದು ಸೆಕೆಂಡಿನಲ್ಲಿ ತಿರುಗಿಸಿ ಓದಬಹುದು. ಬೀಗ ಹಾಕಿ ಕೀಲಿಯನ್ನು ಬಾಗಿಲ ಮೇಲೇ ನೇತುಹಾಕಿದ ಹಾಗೆ.

ಪಾಸ್‌ವರ್ಡ್ ಕದಿಯುವ ಮಾಲ್‌ವೇರ್‌ಗಳಿಗೆ ಈ ಫೈಲಿನ ವಿಳಾಸ ಬಾಯಿಪಾಠ. ನೀವು ಹೊಸ ಪಾಸ್‌ವರ್ಡ್ ಹಾಕಿ ಸೇವ್ ಮಾಡಿದಿರಿ, ಅದು ಅದೇ ಫೈಲಿಗೆ ಹೋಯಿತು, ಕಳ್ಳ ಮತ್ತೆ ಓದಿಕೊಂಡ. ಹೀಗೇ ಆಗಿರುವ ಸಾಧ್ಯತೆ ಜಾಸ್ತಿ.

ಬಳಕೆದಾರರು ವರ್ಷಗಟ್ಟಲೆ ಜಗಳವಾಡಿದ ಮೇಲೆ 2017ರಲ್ಲಿ, ಫೈಲ್‌ಝಿಲ್ಲಾದ 3.26ನೇ ಆವೃತ್ತಿಯಲ್ಲಿ, ಮಾಸ್ಟರ್ ಪಾಸ್‌ವರ್ಡ್ ಸೌಲಭ್ಯ ಬಂತು, ಅಂದರೆ ಸೇವ್ ಮಾಡಿದ ಪಾಸ್‌ವರ್ಡ್‌ಗಳಿಗೆಲ್ಲ ನಿಜವಾದ ಬೀಗ ಹಾಕುವ ಒಂದು ಪಾಸ್‌ವರ್ಡ್. ಅಲ್ಲಿಯವರೆಗೆ ತಯಾರಕರ ವಾದ ಏನೆಂದರೆ, ಕಂಪ್ಯೂಟರಿಗೇ ಮಾಲ್‌ವೇರ್ ಹೊಕ್ಕ ಮೇಲೆ ಫೈಲ್ ಮುಚ್ಚಿಟ್ಟು ಏನು ಪ್ರಯೋಜನ, ನೀವು ಟೈಪ್ ಮಾಡುವಾಗಲೇ ಕದಿಯುತ್ತಾರಲ್ಲ ಎಂದು. ಮಾತು ಅರ್ಧ ನಿಜ. ಆದರೆ ಕಳ್ಳ ಹೇಗೂ ಬರುತ್ತಾನೆ ಅಂತ ಬಾಗಿಲು ತೆರೆದಿಡುತ್ತೇವಾ? ಸೌಲಭ್ಯ ಈಗಲೂ ತಾನಾಗಿ ಆನ್ ಆಗಿರುವುದಿಲ್ಲ. ಸೆಟ್ಟಿಂಗ್ಸ್‌ನಲ್ಲಿ ಇಂಟರ್‌ಫೇಸ್, ಅದರೊಳಗೆ ಪಾಸ್‌ವರ್ಡ್ಸ್ ಹುಡುಕಿ ನೀವೇ ಆರಿಸಬೇಕು.

ಇನ್ನೊಂದು: ಫೈಲ್‌ಝಿಲ್ಲಾ ಎಲ್ಲಿಂದ ಇಳಿಸಿಕೊಂಡಿರಿ? 2014ರ ಜನವರಿಯಲ್ಲಿ ಆಂಟಿವೈರಸ್ ತಯಾರಿಸುವ ಅವಾಸ್ಟ್ ಕಂಪನಿ ನಕಲಿ ಫೈಲ್‌ಝಿಲ್ಲಾ ಒಂದನ್ನು ಪತ್ತೆಮಾಡಿತ್ತು. ಅದು ನೋಡಲು ಥೇಟ್ ಅಸಲಿಯಂತೆ, ಕೆಲಸವನ್ನೂ ಸರಿಯಾಗಿಯೇ ಮಾಡುತ್ತಿತ್ತು, ಜೊತೆಗೆ ಲಾಗಿನ್ ವಿವರವನ್ನು ಸದ್ದಿಲ್ಲದೆ ಕಳ್ಳರ ಸರ್ವರಿಗೆ ಕಳಿಸುತ್ತಿತ್ತು.

ಆದ್ದರಿಂದ ಮೊದಲು ಕಂಪ್ಯೂಟರ್ ಸ್ವಚ್ಛ ಮಾಡಿ, ಆಗದಿದ್ದರೆ ವಿಂಡೋಸ್ ಹೊಸದಾಗಿ ಹಾಕಿಸಿ. ಪಾಸ್‌ವರ್ಡನ್ನು ಬೇರೆ ಕಂಪ್ಯೂಟರಿನಿಂದ ಬದಲಾಯಿಸಿ. ಸೈಟಿನಲ್ಲಿ ಕಳ್ಳ ಬಿಟ್ಟುಹೋದ ಫೈಲುಗಳಿರುತ್ತವೆ, ಹೋಸ್ಟಿಂಗ್‌ನವರ ಹತ್ತಿರ ಹಳೆಯ ಬ್ಯಾಕಪ್ ಕೇಳಿ. ಕ್ರಮ ತಪ್ಪಿದರೆ ಮೂರನೇ ಸಲವೂ ಇದೇ ಕಥೆ.

ಪ್ರಶ್ನೆ: ಎಫ್‌ಟಿಪಿ ಬಿಟ್ಟು, ಎಲ್ಲವನ್ನೂ ಗುಪ್ತಲಿಪಿಯಲ್ಲಿ ಕಳಿಸುವ ಎಸ್‌ಎಫ್‌ಟಿಪಿ ಬಳಸಿದರೆ ಸಾಕಲ್ವಾ?
– ವಿದ್ಯಾರ್ಥಿನಿ, ಧಾರವಾಡ

ಉತ್ತರ: ಖಂಡಿತ ಬಿಡಿ. ಬರೀ ಎಫ್‌ಟಿಪಿಯಲ್ಲಿ ಪಾಸ್‌ವರ್ಡ್ ದಾರಿಯುದ್ದಕ್ಕೂ ಬೆತ್ತಲೆಯಾಗಿ ಹೋಗುತ್ತದೆ. ಅದು 1971ರ ಕೂಸು. ಮೊದಲ ಕರಡು ಬರೆದವರು ನಮ್ಮ ಐಐಟಿ ಕಾನ್ಪುರದಲ್ಲಿ ಓದಿ ಎಂಐಟಿಗೆ ಹೋಗಿದ್ದ ಅಭಯ್ ಭೂಷಣ್. ಆಗ ನೆಟ್‌ವರ್ಕಿನಲ್ಲಿ ಇದ್ದವರೇ ಬೆರಳೆಣಿಕೆಯಷ್ಟು ಜನ, ಕಳ್ಳರ ಚಿಂತೆ ಯಾರಿಗಿತ್ತು?

ಆದರೆ ಎಸ್‌ಎಫ್‌ಟಿಪಿ ಅಂದ ಮಾತ್ರಕ್ಕೆ ನಿಶ್ಚಿಂತೆ ಬೇಡ. ಫೈಲ್‌ಝಿಲ್ಲಾ, ಅದರಂಥದೇ ಇನ್ನೊಂದು ತಂತ್ರಾಂಶ ವಿನ್‌ಎಸ್‌ಸಿಪಿ, ಎರಡೂ ಈ ಕೆಲಸಕ್ಕೆ ಪುಟ್ಟಿ ಎಂಬ ತಂತ್ರಾಂಶದ ಕೋಡ್ ಬಳಸುತ್ತವೆ. 2024ರ ಏಪ್ರಿಲ್‌ನಲ್ಲಿ ಆ ಕೋಡಿನಲ್ಲೇ ದೋಷ ಸಿಕ್ಕಿತು. ಪಾಸ್‌ವರ್ಡ್ ಬದಲು ಡಿಜಿಟಲ್ ಕೀಲಿಯಿಂದಲೂ ಲಾಗಿನ್ ಆಗಬಹುದು; ಅದರಲ್ಲಿ 521 ಬಿಟ್‌ನ ಇಸಿಡಿಎಸ್‌ಎ ಎಂಬ ಬಗೆಯ ಕೀ ಬಳಸುತ್ತಿದ್ದರೆ, ಆ ಕೀ ಲಾಗಿನ್ ಆಗುವಾಗ ಹಾಕುವ ಡಿಜಿಟಲ್ ಸಹಿಗಳಲ್ಲಿ ಸುಮಾರು 60 ಕೈಗೆ ಸಿಕ್ಕವರು ನಿಮ್ಮ ಖಾಸಗಿ ಕೀಯನ್ನೇ ಲೆಕ್ಕಹಾಕಿ ತೆಗೆಯಬಹುದಿತ್ತು. ಬೇರೆ ಬಗೆಯ ಕೀಗಳಿಗೆ ತೊಂದರೆಯಿಲ್ಲ. ಫೈಲ್‌ಝಿಲ್ಲಾ 3.67.0, ವಿನ್‌ಎಸ್‌ಸಿಪಿ 6.3.3ರಲ್ಲಿ ಇದು ಸರಿಯಾಗಿದೆ. ಆದರೆ ಸುಮ್ನೆ ಅಪ್‌ಡೇಟ್ ಮಾಡಿದರೆ ಸಾಲದು, ಅಂಥ ಹಳೆಯ ಕೀ ಇದ್ದರೆ ಎಸೆದು, ಸರ್ವರಿನಿಂದಲೂ ತೆಗೆದು, ಹೊಸದು ಮಾಡಿಕೊಳ್ಳಿ.

ಮತ್ತೆ, ‘ಹೋಸ್ಟ್ ಕೀ (ಸರ್ವರಿನ ಗುರುತು ಹೇಳುವ ಕೀ) ಗೊತ್ತಿಲ್ಲ, ನಂಬಬೇಕೇ?’ ಎಂಬ ಕಿಟಕಿ ತೆರೆದಾಗ ಓದದೆ ಓಕೆ ಒತ್ತುತ್ತೀರಿ ತಾನೆ? ನಾನೂ ತುಂಬಾ ದಿನ ಒತ್ತಿದವನೇ. ಮೊದಲ ಸಲವಾದರೆ ಸರ್ವರಿನವರು ಕೊಟ್ಟ ಫಿಂಗರ್‌ಪ್ರಿಂಟ್ (ಆ ಕೀಯನ್ನು ಗುರುತಿಸುವ ಚಿಕ್ಕ ಅಕ್ಷರಸಾಲು) ಜೊತೆ ತಾಳೆ ನೋಡಿ. ದಿನಾ ಬಳಸುವ ಸರ್ವರ್ ಒಂದು ದಿನ ಇದ್ದಕ್ಕಿದ್ದಂತೆ ‘ಕೀ ಬದಲಾಗಿದೆ’ ಎಂದರೆ ಕ್ಯಾನ್ಸಲ್ ಒತ್ತಿ, ಫೋನ್ ಮಾಡಿ ಕೇಳಿ.